ಕೋರ್ಟಿಗೆ ಹೋದ ಧಾರೆ ಗಿಂಡಿ

ನಾನು ಒಂದು ಗಿಂಡಿ. ಪಕ್ಕದಲ್ಲಿ ಮೂತಿಯಿರುವ ಕಂಚಿನ ಪಾತ್ರೆ. ಹಾಗೆಂದು ಅಂಗಡಿಯಲ್ಲಿ ಸಾಲಾಗಿ ಕೂತು ಗಿರಾಕಿಗಳ ದಾರಿ ಕಾಯುವ ಪಾತ್ರೆಗಳ ಜೊತೆ ನನ್ನನ್ನು ಸೇರಿಸಬೇಡಿ, ಮಾರಾಯ್ರೆ. ನಾನು ಧಾರೆ ಗಿಂಡಿ. ಕುಂದಾಪುರದ ಕಡೆಯ ಕಡಲತಡಿಯಲ್ಲಿ ಮೀನು ಹಿಡಿಯುವ ಮೊಗವೀರರದೊಂದು ಊರು, ನಮ್ಮದು. ನನ್ನ ಕಾಲದಲ್ಲಿ ಆ ಊರಿನಲ್ಲಿ ನನ್ನನ್ನು ಬಿಟ್ಟು ಒಂದೇ ಒಂದು ಮದುವೆಯೂ ಆಗಲಿಲ್ಲ. ಜಂಬ ಕೊಚ್ಚಿಕೊಳ್ಳುತ್ತದೆ ಅಂದುಕೊಂಡರೆ ಅಂದುಕೊಳ್ಳಿ. ಇದ್ದದ್ದನ್ನು ಹೇಳಲು ನನಗೇನು ಸಂಕೋಚ?

ನನ್ನನ್ನು ಹುಟ್ಟಿಸಿದವನು ಒಬ್ಬ ಕಂಚುಗಾರ. ಜೇನುಮೇಣದಲ್ಲಿ ನನ್ನ ಆಕಾರ ಮಾಡಿ, ಮೇಲೆ ಮಣ್ಣು ಮೆತ್ತಿ, ಬೆಂಕಿಗಿಟ್ಟು ಮೇಣ ಕರಗಿಸಿ, ಆ ಜಾಗಕ್ಕೆ ಕಾದ ಕಂಚು ಸುರಿದ. ತಣಿದ ಮೇಲೆ ಮಣ್ಣು ಒಡೆದು ಹೊರಗೆ ತೆಗೆದ. ಬೆರಳ ಗಂಟಿನಿಂದ ಒಮ್ಮೆ ಬಡಿದು, ಕಿವಿಯೊಡ್ಡಿ ಕೇಳಿ, "ಸ್ವರ ಲಾಯ್ಕ್ ಇತ್ತ್" ಎಂದ. ನನಗೆ ಸಿಕ್ಕ ಮೊದಲ ಹೊಗಳಿಕೆ ಅದು. ಆಮೇಲೆ ಬೇಕಾದಷ್ಟು ಸಿಕ್ಕಿದೆ.

ಅಲ್ಲಿಂದ ನಾನು ನೇರ ಗುರಿಕಾರರ ಮನೆಗೆ ಬಂದೆ. ಗುರಿಕಾರರೆಂದರೆ ಊರ ಮೊಗವೀರರ ಹಿರಿಯರು. ಮದುವೆಗೂ ಅವರೇ ಮುಂದೆ, ಜಗಳಕ್ಕೂ ಅವರೇ ಮುಂದೆ. ಆಗ ಇದ್ದವರು ಕುಷ್ಟ ಗುರಿಕಾರರು. ಗಂಟಲು ದೊಡ್ಡದು, ಮನಸ್ಸು ಇನ್ನೂ ದೊಡ್ಡದು. ದೇವರ ಕೋಣೆಯಲ್ಲಿ ದೀಪದ ಪಕ್ಕಕ್ಕೆ ನನ್ನನ್ನು ಕೂರಿಸಿದರು. ಮನೆಯವರು ಯಾರೂ ನನ್ನಲ್ಲಿ ನೀರು ಕುಡಿಯುವಂತಿರಲಿಲ್ಲ. ಯಾರ ಮನೆಯಲ್ಲಾದರೂ ಮದುವೆ ಬಂದರೆ ಮಾತ್ರ ನಾನು ಹೊರಡುವುದು. ಹೊರಡುವಾಗ ಖಾಲಿ ಹೋಗುವ ಕ್ರಮವಿಲ್ಲ. ಹೊಟ್ಟೆ ತುಂಬ ನೀರು, ಬಾಯಿಯ ಮೇಲೆ ತೆಂಗಿನಕಾಯಿ, ಕಾಯಿಯ ಮೇಲೆ ಅಡಿಕೆ ಸಿಂಗಾರದ ಹೂ. ಹಾಗೆ ಹೊರಟರೆ ದಾರಿಯಲ್ಲಿ ಎದುರಾದವರು ಪಕ್ಕಕ್ಕೆ ನಿಂತು ಜಾಗ ಬಿಡಬೇಕು.

ನಮ್ಮಲ್ಲಿ ಮದುವೆ ಹೇಗೆಂದರೆ, ಗಂಡಿನ ಬಲಗೈ ಮೇಲೆ ಹೆಣ್ಣಿನ ಬಲಗೈ ಇಡುತ್ತಾರೆ. ಆ ಎರಡು ಕೈಗಳ ಮೇಲೆ ನನ್ನನ್ನು ಇಡುತ್ತಾರೆ. ಎರಡೂ ಕಡೆಯ ತಂದೆತಾಯಿ, ಗುರಿಕಾರರು, ಸಭೆಯ ಹಿರಿಯರು ಒಬ್ಬೊಬ್ಬರೇ ಬಂದು ನನ್ನನ್ನು ಮುಟ್ಟುತ್ತಾರೆ. ಕೈಗಳ ಸಮೇತ ನನ್ನನ್ನು ಮೂರು ಸಲ ಮೇಲೆತ್ತಿ ಇಳಿಸಿ, ನೀರೆರೆಯುತ್ತಾರೆ. ಮುಗಿಯಿತು, ಅವರು ಗಂಡಹೆಂಡತಿ. ಹೋಮವಿಲ್ಲ, ಬೆಂಕಿ ಸುತ್ತುವುದಿಲ್ಲ. ಮುಟ್ಟಿದವರೆಲ್ಲ ಆ ಮದುವೆಗೆ ಸಾಕ್ಷಿ. ನಾಳೆ ಆ ಸಂಸಾರಕ್ಕೆ ಕಷ್ಟ ಬಂದರೆ ಮುಟ್ಟಿದವರು ಬೆನ್ನಿಗೆ ನಿಲ್ಲಬೇಕು. ನನ್ನನ್ನು ಮುಟ್ಟುವುದೆಂದರೆ ತಮಾಷೆಯ ಮಾತಲ್ಲ.

ಇನ್ನು ಜಲಜಳ ಮದುವೆಗೆ ಬರುತ್ತೇನೆ. ನನ್ನನ್ನು ಕೋರ್ಟು ಹತ್ತಿಸಿದ ಮದುವೆ ಅದು.

ಜಲಜ ಪಕ್ಕದ ಊರಿನ ಬಡವರ ಮನೆ ಹುಡುಗಿ. ಗಂಡು ನಮ್ಮೂರ ಸೂರ ಮರಕಾಲ. ಕಡಲಿಗೆ ಹೋಗುವವನು, ಮಾತು ಕಡಿಮೆ, ನಗು ಜಾಸ್ತಿ. ಅವನಿಗೆ ಅಪ್ಪ ಇರಲಿಲ್ಲ. ತಾಯಿ ಮುಕಾಂಬು, ಅಣ್ಣ ಶೀನ ಮರಕಾಲ. ಹೆಣ್ಣಿನ ಮನೆಯ ಅಂಗಳದಲ್ಲಿ ತೆಂಗಿನ ಮಡಲಿನ ಚಪ್ಪರ. ಫೋಟೋ ತೆಗೆಯುವವರನ್ನು ಕರೆಸುವ ಶಕ್ತಿ ಅವರಿಗಿರಲಿಲ್ಲ. ಅಪ್ಪನ ಜಾಗದಲ್ಲಿ ನಿಂತು ನನ್ನನ್ನು ಎತ್ತಿ ಹಿಡಿದವನು ಇದೇ ಶೀನ. ತಮ್ಮನ ಮದುವೆಯೆಂದು ಅವನ ಕಣ್ಣಲ್ಲಿ ಅವತ್ತು ನೀರು ತುಂಬಿತ್ತು. ಅದು ಸುಳ್ಳು ನೀರಲ್ಲ. ನಾನು ಹತ್ತಿರದಿಂದ ಕಂಡಿದ್ದೇನೆ.

ಸೂರ ಮತ್ತು ಜಲಜ ಚೆನ್ನಾಗಿಯೇ ಬಾಳಿದರು. ವಾರಿಜ ಎಂಬ ಮಗಳು ಹುಟ್ಟಿದಳು. ದಂಡೆಯ ಮೇಲೆ ಸೂರ ತನ್ನ ಹೆಸರಿನಲ್ಲಿ ಜಾಗ ಮಾಡಿ ಹಂಚಿನ ಮನೆ ಕಟ್ಟಿಸಿದ. ಆಮೇಲೆ ಒಂದು ಮಳೆಗಾಲದ ಆರಂಭದಲ್ಲಿ ದೋಣಿ ಮಗುಚಿ ಕಡಲು ಅವನನ್ನು ಕರೆದುಕೊಂಡಿತು. ಜಲಜ ಬುಟ್ಟಿ ಹೊತ್ತು ಮೀನು ಮಾರಿ ಮಗಳನ್ನು ಸಾಕಿದಳು.

ಅಷ್ಟರಲ್ಲಿ ಶೀನ ಬೆಳೆದಿದ್ದ. ಅವನದೇ ಯಾಂತ್ರಿಕ ದೋಣಿಗಳು, ಊರಿನ ಅರ್ಧ ಗಂಡಸರು ಅವನ ದೋಣಿಯಲ್ಲೇ ದುಡಿಯುವವರು. ದಂಡೆಯಲ್ಲಿ ಮಂಜುಗಡ್ಡೆ ಕಾರ್ಖಾನೆ ಹಾಕುವ ಆಸೆ ಹುಟ್ಟಿತು. ಅದಕ್ಕೆ ತಮ್ಮನ ಜಾಗವೇ ಹೇಳಿ ಮಾಡಿಸಿದ ಹಾಗಿತ್ತು. ಕೇಳಿದ. ಜಲಜ ಕೊಡುವುದಿಲ್ಲವೆಂದಳು. ಆಗ ಯಾರೋ ಪುಣ್ಯಾತ್ಮರು ಅವನ ಕಿವಿಯಲ್ಲಿ ಊದಿದರು. ಜಲಜ ಹೆಂಡತಿಯೇ ಅಲ್ಲವೆಂದಾದರೆ ಮಗಳಿಗೂ ಪಾಲಿಲ್ಲ, ಆಸ್ತಿ ತಾಯಿಗೆ ಬರುತ್ತದೆ, ತಾಯಿ ಇರುವುದು ನಿನ್ನ ಮನೆಯಲ್ಲೇ ಅಲ್ಲವೇ ಎಂದು. ಶೀನ ತಾಯಿಯ ಹೆಬ್ಬೆಟ್ಟು ಒತ್ತಿಸಿ ಮುನ್ಸಿಫ್ ಕೋರ್ಟಿನಲ್ಲಿ ದಾವೆ ಹಾಕಿಸಿದ. ಸೂರನಿಗೆ ಮದುವೆಯೇ ಆಗಿರಲಿಲ್ಲ, ಜಲಜ ಅವನು ಇಟ್ಟುಕೊಂಡಿದ್ದ ಹೆಂಗಸು, ಮನೆ ಬಿಡಿಸಿಕೊಡಿ ಎಂದು ಅದರಲ್ಲಿತ್ತು.

ಇಟ್ಟುಕೊಂಡಿದ್ದ ಹೆಂಗಸು! ಕೇಳಿ ನನ್ನ ಕಂಚು ಕಾದು ಹೋಯಿತು. ನನ್ನನ್ನು ಎತ್ತಿ ಹಿಡಿದವನ ಬಾಯಲ್ಲೇ ಇಂಥ ಮಾತೇ?

ಆ ವೇಳೆಗೆ ಕುಷ್ಟ ಗುರಿಕಾರರು ತೀರಿಕೊಂಡಿದ್ದರು. ಅವರ ಜಾಗಕ್ಕೆ ಮಗ ವೆಂಕ ಗುರಿಕಾರರು ಬಂದಿದ್ದರು. ಒಳ್ಳೆಯವರೇ, ಆದರೆ ಜಲಜಳ ಮದುವೆಯ ಕಾಲದಲ್ಲಿ ಮುಂಬಯಿಯ ಹೋಟೆಲಿನಲ್ಲಿದ್ದವರು, ಮದುವೆ ಕಂಡವರಲ್ಲ. ಜಲಜ ಅವರ ಜಗಲಿಗೆ ಬಂದು ಕೂತಳು.

"ಗುರಿಕಾರ್ರೆ, ಮನಿ ಹೋದ್ರೆ ಹೋಯ್ಲಿ. ಗುಡ್ಲ್ ಕಟ್ಕಂಡ್ ಇಪ್ಪೆ. ನನ್ನ ಮಗ್ಳಿಗೆ ಅಪ್ಪಯ್ಯ ಇಲ್ಲೆ ಅಂಬ್ರಲ್ಲ, ಅದ್ಕೆಂತ ಮಾಡುದ್?"

ವೆಂಕ ಗುರಿಕಾರರು ಮದುವೆಗೆ ಬಂದಿದ್ದವರ ಮನೆಮನೆಗೆ ಹೋದರು. ಜಲಜಳ ತಂದೆತಾಯಿಯೂ ಸೇರಿ ಹಿರಿಯರಲ್ಲಿ ಹೆಚ್ಚಿನವರು ತೀರಿಹೋಗಿದ್ದರು. ಉಳಿದವರು ಶೀನನ ದೋಣಿಯ ಅನ್ನ ತಿನ್ನುವವರು. ಅಡ್ಡಗೋಡೆಯ ಮೇಲೆ ದೀಪವಿಟ್ಟ ಹಾಗೆ ಮಾತಾಡಿದರು. ಹೋದ ನೆನಪಿದೆ, ಕಂಡ ನೆನಪಿಲ್ಲ ಎಂದರು. ಊಟ ಮಾಡಿದ್ದು ಹೌದು, ಧಾರೆಯ ಹೊತ್ತಿಗೆ ಬೀಡಿ ಸೇದಲು ಆಚೆ ಹೋಗಿದ್ದೆ ಎಂದರು. ಎಲ್ಲರೂ ಒಟ್ಟಿಗೇ ಬೀಡಿ ಸೇದಲು ಹೋಗಿದ್ದರಂತೆ! ಥೂ. ಅವರ ಕೈ ನನ್ನ ಮೈ ಮೇಲಿದ್ದದ್ದು ನನಗೆ ಗೊತ್ತಿಲ್ಲವೇ?

ಜಲಜಳ ಪರ ಲೋಬೋ ಎಂಬ ವಕೀಲರು ನಿಂತರು. ಕ್ರಿಶ್ಚಿಯನ್ನರು, ದಪ್ಪ ಕನ್ನಡಕ, ಮೆಲ್ಲನೆ ಮಾತು. ಒಂದು ಸಂಜೆ ಗುರಿಕಾರರ ಜಗಲಿಗೆ ಬಂದು ಎಲ್ಲವನ್ನೂ ಕೇಳಿದರು.

"ಬೆಂಕಿ ಸುತ್ತ ಏಳು ಹೆಜ್ಜೆ ಇಟ್ಟಿದ್ದೀರಾ, ಅಮ್ಮ?"

"ಇಲ್ಲೆ."

ಜೊತೆಗೆ ಬಂದಿದ್ದ ಅವರ ಗುಮಾಸ್ತ ಮೆಲ್ಲಗೆ ಬಾಯಿ ಹಾಕಿದ. "ಇಟ್ಟಿದ್ದೆ ಅಂತ ಒಂದು ಮಾತು ಹೇಳಿದರೆ ಕೇಸು ಸಲೀಸು. ಕಂಡವರು ಯಾರಿದ್ದಾರೆ?"

ಜಲಜ ಅವನತ್ತ ತಿರುಗಿದಳು. "ನಮ್ಮಲ್ಲಿ ಇಲ್ಲದ್ದನ್ನ ಇತ್ತ್ ಅಂದ್ರೆ, ಇದ್ದದ್ದೂ ಸುಳ್ಳಾತ್ತ್, ಸ್ವಾಮಿ. ನನ್ನ ಮದಿ ಗಿಂಡಿಯಂಗೆ ಆದ್ದ್. ಗಿಂಡಿ ಅಂದೇ ಹೇಳ್ತೆ."

ಅವತ್ತು ನಾನು ಆ ಹೆಣ್ಣುಮಗಳಿಗೆ ಮನಸ್ಸಿನಲ್ಲೇ ಕೈ ಮುಗಿದೆ. ಕೈ ಇಲ್ಲದಿದ್ದರೇನು, ಮುಗಿದೆ. ಲೋಬೋ ವಕೀಲರು ಕನ್ನಡಕ ತೆಗೆದು ಒರೆಸಿಕೊಂಡು, "ಕಾನೂನಿನಲ್ಲೂ ಹಾಗೇ ಇದೆ. ಅವರವರ ಪದ್ಧತಿಯಲ್ಲಿ ಮದುವೆಯಾದರೆ ಸಾಕು. ಆದರೆ ಪದ್ಧತಿ ಇದೆ ಅಂತ ತೋರಿಸಬೇಕು, ಮದುವೆ ಆಗಿದೆ ಅಂತ ಒಬ್ಬರಾದರೂ ಹೇಳಬೇಕು. ಗುರಿಕಾರರೇ, ಆ ಗಿಂಡಿಯನ್ನು ಕೋರ್ಟಿಗೆ ತನ್ನಿ" ಎಂದರು.

ತನ್ನಿ ಅಂದರೆ ಸಾಕೇ? ವೆಂಕ ಗುರಿಕಾರರು ಕ್ರಮ ಬಿಡುವವರಲ್ಲ. ವಿಚಾರಣೆಯ ದಿನ ಬೆಳಿಗ್ಗೆ ನನ್ನನ್ನು ಹುಣಸೆ ಹುಳಿ ಹಾಕಿ ತಿಕ್ಕಿ, ತುಂಬ ನೀರು ತುಂಬಿ, ಮೇಲೆ ತೆಂಗಿನಕಾಯಿ, ಸಿಂಗಾರದ ಹೂ ಇಟ್ಟು ಬಸ್ಸು ಹತ್ತಿದರು. ಕಂಡಕ್ಟರ್ ಅವಾಕ್ಕಾದ. "ಎಲ್ಲಿ ಮದುವೆ ಗುರಿಕಾರ್ರೆ?" "ಮುನ್ಸಿಫ್ ಕೋರ್ಟಂಗೆ" ಎಂದರು ಇವರು. ಅವನು ನಕ್ಕೂ ನಕ್ಕೂ ಟಿಕೆಟ್ ಹರಿಯುವುದನ್ನೇ ಮರೆತ.

ಕೋರ್ಟಿನಲ್ಲಿ ಇನ್ನೊಂದು ರಾಮಾಯಣ. ಜವಾನ ನನ್ನನ್ನು ಮೇಜಿನ ಮೇಲೆ ಇಡಿಸಿ, ತೆಂಗಿನಕಾಯಿ ತೆಗೆದು, ಒಳಗೇನಿದೆ ಎಂದು ಬಗ್ಗಿಸಿ ನೋಡಿದ. ನನ್ನ ಮೂತಿಯಿಂದ ನೀರು ನೇರ ಕಡತಗಳ ಮೇಲೆ. "ಅಯ್ಯಯ್ಯೋ, ವಸ್ತು ಸಾಕ್ಷಿಯಲ್ಲಿ ನೀರು ಯಾಕ್ರೀ?" ಎಂದು ಕೋರ್ಟಿನ ಗುಮಾಸ್ತರು ಎದ್ದು ಕುಣಿದರು. "ಖಾಲಿ ಗಿಂಡಿ ಮನಿ ಬಿಟ್ ಹೊರ್ಡುದಿಲ್ಲೆ" ಎಂದು ಗುರಿಕಾರರು ಅಲುಗಾಡದೆ ನಿಂತರು. ನ್ಯಾಯಾಧೀಶರು ತುಟಿ ಕಚ್ಚಿ ನಗು ತಡೆದುಕೊಂಡು, "ಇರಲಿ, ಕಾಯಿಯನ್ನು ಇದ್ದ ಹಾಗೇ ಇಡಿ" ಎಂದರು. ನನ್ನ ಮೂತಿಗೆ ದಾರ ಕಟ್ಟಿ ಒಂದು ಚೀಟಿ ತೂಗುಬಿಟ್ಟರು. ಹಾರ ಹಾಕಿದರು ಅಂದುಕೊಂಡು ನಾನು ನೆಟ್ಟಗೆ ಕೂತೆ.

ಮೊದಲು ಕಟಕಟೆ ಹತ್ತಿದವನು ಶೀನ. ಅವರ ಕಡೆಯ ಉಡುಪ ವಕೀಲರು ಕೇಳಿದ್ದಕ್ಕೆಲ್ಲ ಪಾಠ ಒಪ್ಪಿಸಿದ. ಹೋಮ ಆಗಲಿಲ್ಲ, ಸಪ್ತಪದಿ ಆಗಲಿಲ್ಲ, ಪುರೋಹಿತರು ಬರಲಿಲ್ಲ, ಆದ್ದರಿಂದ ಮದುವೆಯೇ ಅಲ್ಲ. ಆಮೇಲೆ ಲೋಬೋ ವಕೀಲರು ಪಾಟೀಸವಾಲಿಗೆ ಎದ್ದರು.

"ಮರಕಾಲರೇ, ನಿಮ್ಮ ಮದುವೆ ತುಂಬ ದೊಡ್ಡದಾಗಿ ಆಯಿತಂತೆ, ಹೌದಾ?"

ಶೀನನ ಎದೆ ಉಬ್ಬಿತು. ಅವನ ಮದುವೆ ಊರಿಗೇ ದೊಡ್ಡದು. ಅದೊಂದು ಮಾತು ಎತ್ತಿದರೆ ಅವನಿಗೆ ಹೊತ್ತು ಗೊತ್ತಾಗುವುದಿಲ್ಲ. "ಎಂಥ ಮದಿ ಅಂತ್ರಿ! ಚಪ್ಪರ ಕಡಲಿನ್ ವರಿಗೆ. ಕುಷ್ಟ ಗುರಿಕಾರ್ರೇ ಇದೇ ಗಿಂಡಿ ಹಿಡ್ದ್ ಬಂದಿರ್."

"ಹೋಮಕ್ಕೆ ಯಾವ ಭಟ್ಟರು ಬಂದಿದ್ದರು?"

"ಹೋಮ ಎಂತಕ್ಕೆ? ನಮ್ಮಲ್ಲಿ ಆ ಕ್ರಮ ಇಲ್ಲೆ. ಕೈ ಮೇಲ್ ಗಿಂಡಿ ಕೂತ್ರೆ ಮದಿ ಆಯ್ತ್. ಅಪ್ಪಯ್ಯ ಅಬ್ಬಿ ಇಬ್ರೂ ಮುಟ್ಟುಕ್, ಸಭೆ ಮುಟ್ಟುಕ್. ಅಷ್ಟೇ."

ಹೇಳಿದ ಮೇಲೆ ನಾಲಿಗೆ ಕಚ್ಚಿಕೊಂಡ. ಹಗ್ಗ ಕೊಟ್ಟು ಕೈ ಕಟ್ಟಿಸಿಕೊಳ್ಳುವುದೆಂದರೆ ಇದೇ. ಗೋಡೆಯ ಬಳಿ ನಿಂತಿದ್ದ ಅವನ ಹೆಂಡತಿ ಅವನನ್ನು ನೋಡಿದ ನೋಟ ನನಗೆ ಈಗಲೂ ಕಣ್ಣಿಗೆ ಕಟ್ಟಿದ ಹಾಗಿದೆ. ಹೋಮವಿಲ್ಲದ್ದು ಮದುವೆಯಲ್ಲವಾದರೆ ಅವಳು ಯಾರು?

ಪದ್ಧತಿ ಏನೋ ಅವನ ಬಾಯಿಂದಲೇ ಬಂತು. ಆದರೆ ಜಲಜಳ ಧಾರೆ ಆಯಿತೆಂದು ಹೇಳುವವರು ಬೇಕಲ್ಲ? ಊಟದ ವಿರಾಮದ ನಂತರ ಮುಕಾಂಬುವನ್ನು ಕರೆದರು. ದಾವೆ ಅವಳ ಹೆಸರಿನಲ್ಲೇ ಇತ್ತು. ಬೆನ್ನು ಬಾಗಿದ, ಕಣ್ಣಿಗೆ ಪೊರೆ ಬಂದ ಮುದುಕಿ. ಮಗನ ಮನೆಯ ಗಂಜಿ ಕುಡಿದು, ಮಗನ ಮನೆಯ ಮೂಲೆಯಲ್ಲಿ ಮಲಗುವವಳು. ಅವನ ವಿರುದ್ಧ ಮಾತಾಡಿದರೆ ಸಂಜೆ ಹೋಗುವುದೆಲ್ಲಿಗೆ? ಅವಳು ಕಟಕಟೆ ಹತ್ತುವಾಗ ಜಲಜ ತಲೆ ತಗ್ಗಿಸಿ ಕೂತಿದ್ದಳು. ಅತ್ತೆಯ ಮೇಲೆ ಆಸೆಯಿಡುವ ಧೈರ್ಯವೂ ಅವಳಿಗಿರಲಿಲ್ಲ.

ಉಡುಪ ವಕೀಲರು ಬುದ್ಧಿವಂತರು. ಬೆಳಿಗ್ಗೆ ಶೀನ ಮಾಡಿದ ರಾಮಾರಗಳೆಯನ್ನು ಅವನ ಮಾತಿನಿಂದಲೇ ತೊಳೆಯಲು ಹೊರಟರು. ಗಂಡಿನ ತಾಯಿ ಮುಟ್ಟಬೇಕೆಂದು ಅವನೇ ಹೇಳಿದ್ದನಲ್ಲ?

"ಅಮ್ಮ, ಸೂರನಿಗೂ ಈ ಜಲಜಳಿಗೂ ಧಾರೆ ಅಂತ ಹೇಳುತ್ತಾರಲ್ಲ, ಆಗ ನೀವು ಈ ಗಿಂಡಿ ಮುಟ್ಟಿದ್ದೀರಾ?"

ಮುಕಾಂಬು ಮೇಜಿನ ಮೇಲಿದ್ದ ನನ್ನನ್ನು ಪೊರೆಯ ಕಣ್ಣಿನಿಂದಲೇ ಹುಡುಕಿ ನೋಡಿದಳು. "ಇಲ್ಲೆ ಒಡೇರೆ. ಮುಟ್ಲಿಲ್ಲೆ."

"ಅಷ್ಟೇ ಸಾಕು" ಎಂದು ಉಡುಪರು ಕೂತರು. ಶೀನ ನಿಟ್ಟುಸಿರು ಬಿಟ್ಟ. ಜಲಜ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ನನಗಂತೂ ಜೀವವೇ ಹೋದ ಹಾಗಾಯಿತು, ಯಾಕೆಂದರೆ ಮುದುಕಿ ಹೇಳಿದ್ದು ನಿಜ. ಅವಳು ಮುಟ್ಟಿರಲಿಲ್ಲ.

ಲೋಬೋ ವಕೀಲರಿಗೆ ನಮ್ಮ ಕ್ರಮಗಳ ಒಳಹೊರಗು ತಿಳಿಯದು. ಏನು ಕೇಳಬೇಕೆಂದು ತೋಚದೆ, ಸುಮ್ಮನೆ ತಿಳಿದುಕೊಳ್ಳುವವರ ಹಾಗೆ ಕೇಳಿಬಿಟ್ಟರು.

"ಯಾಕೆ ಮುಟ್ಟಲಿಲ್ಲ, ಅಮ್ಮ?"

ಮುಕಾಂಬುವಿಗೆ ಸಿಟ್ಟೇ ಬಂತು. ಇಷ್ಟೂ ಗೊತ್ತಿಲ್ಲದವರು ಕರಿ ಕೋಟು ಹಾಕಿಕೊಂಡು ಬಂದಿದ್ದಾರಲ್ಲ ಎಂಬಂತೆ ಅವರನ್ನು ನೋಡಿದಳು. "ನಾ ಹ್ಯಾಂಗೆ ಮುಟ್ಟುದ್? ಗಂಡ ಸತ್ತವ್ಳ್ ಧಾರಿ ಗಿಂಡಿ ಮುಟ್ಟುಕಾಗ. ಮದಿ ಮನಿಯಂಗೆ ನಾ ಬಾಗ್ಲ್ ಹಿಂದೆ ನಿಂತ್ಕಂಡಿದೆ."

"ಯಾರ ಮದುವೆ ಮನೆಯಲ್ಲಿ?"

ಮುಕಾಂಬು ತಾನೇನು ಹೇಳಿದೆ ಎಂದು ಆಗ ತಿಳಿದಳು. ಮಗನತ್ತ ನೋಡಿದಳು. ಶೀನ ಬೇಡ ಬೇಡವೆಂದು ತಲೆಯಾಡಿಸುತ್ತಿದ್ದ. ನನಗೆ ಗೊತ್ತು, ಆ ಕ್ಷಣದಲ್ಲಿ ಅವಳ ಮುಂದಿದ್ದದ್ದು ಬಿಸಿ ಗಂಜಿ, ಬೆಚ್ಚನೆ ಮೂಲೆ. ಅದನ್ನು ಬಿಡುವುದು ಆ ವಯಸ್ಸಿನಲ್ಲಿ ಸುಲಭವೇ?

"ನನ್ನ ಸಣ್ಣ ಮಗ ಸೂರಂದ್" ಎಂದಳು. "ಬಾಗ್ಲ್ ಸಂದಿಯಂಗೆ ಕಂಡಿದೆ. ನನ್ನ ಬದ್ಲಿಗೆ ನೀನೇ ಮುಟ್ಟ್ ಮಗಾ ಅಂತ ಶೀನನಿಗೆ ಹೇಳ್ದೆ. ಅವ್ನೇ ಗಿಂಡಿ ಎತ್ತಿದ. ಮಗನ ಮದಿ ಹತ್ರ ನಿಂತ್ ಕಾಂಬುಕೆ ಆಯ್ಲಿಲ್ಲೆ ಅಂತ ನಾ ಕಣ್ಣೀರ್ ಹಾಕಿ ಮರ್ಕಿದ್ದ್ ಈಗ್ಳೂ ನೆನ್ಪಿತ್ತ್."

ಆ ಕಾಲದಲ್ಲಿ ಹಾಗೊಂದು ನಿಯಮವಿತ್ತು. ಒಳ್ಳೆಯ ನಿಯಮವೇ ಎಂದು ನನ್ನನ್ನು ಯಾರೂ ಕೇಳಿರಲಿಲ್ಲ. ಕೇಳಿದ್ದರೆ ಹೆತ್ತವಳ ಕೈಗಿಂತ ಶುಭ ಯಾವುದಪ್ಪ ಎನ್ನುತ್ತಿದ್ದೆ. ಆದರೆ ಆ ಹೆತ್ತವಳು ದೂರ ನಿಂತಿದ್ದೇ ಅವತ್ತು ಸಾಕ್ಷಿಯಾಯಿತು. ಮದುವೆಯೇ ಆಗಿರದಿದ್ದರೆ ಬಾಗಿಲ ಹಿಂದೆ ನಿಂತು ಅಳುವವರು ಯಾರು?

ನ್ಯಾಯಾಧೀಶರು ಬರೆಯುವುದನ್ನು ನಿಲ್ಲಿಸಿ ಕೇಳಿದರು. "ಜಲಜ ನಿಮ್ಮ ಮಗನ ಹೆಂಡತಿ ಅಲ್ಲ ಅಂತ ನೀವೇ ದಾವೆ ಹಾಕಿದ್ದೀರಲ್ಲ, ಅಜ್ಜಿ?"

"ಹಾಂಗೆ ಬರ್ದದ್ ಯಾರ್? ಮನಿ ಕಾಗ್ದ ಅಂದ್ರ್, ಹೆಬ್ಬೆಟ್ ಒತ್ತಿದೆ. ಅದ್ ನನ್ನ ಸಣ್ಣ ಸೊಸಿ. ಬೇರೆಂತ ಆತ್ತ್?"

ಜಲಜ ಅಲ್ಲೇ ಬಿಕ್ಕಿ ಬಿಕ್ಕಿ ಅತ್ತಳು. ನಾನು ಮೇಜಿನ ಮೇಲೆ ಬೀಗುತ್ತಾ ಕೂತಿದ್ದೆ. ಯಾರಾದರೂ ಬೆರಳು ತಾಗಿಸಿದ್ದರೆ ಇಡೀ ಕೋರ್ಟು ಮೊಳಗುವ ಹಾಗೆ ಸ್ವರ ಕೊಡುತ್ತಿದ್ದೆ.

ಸಂಜೆ ವೆಂಕ ಗುರಿಕಾರರು ನನ್ನನ್ನು ಎತ್ತಿಕೊಂಡು ಹೊರಗೆ ಬಂದರು. ಕೋರ್ಟಿನ ಮೆಟ್ಟಿಲ ಮೇಲೆ ಮುಕಾಂಬು ಒಬ್ಬಳೇ ಕೂತಿದ್ದಳು. ಶೀನ ತಾಯಿಯ ಮುಖವನ್ನೂ ನೋಡದೆ ಜೀಪು ಹತ್ತಿ ಹೋಗಿದ್ದ. ಮುದುಕಿಯ ಕೈಯಲ್ಲಿ ಎಲೆ ಅಡಿಕೆಯ ಸಣ್ಣ ಚೀಲ, ಅಷ್ಟೇ. ಜಲಜ ಹತ್ತಿರ ಹೋಗಿ ನಿಂತಳು. ಥ್ಯಾಂಕ್ಸ್ ಗೀಂಕ್ಸ್ ಎಂದೆಲ್ಲ ಹೇಳುವ ಜನ ಅಲ್ಲ ನಮ್ಮವರು.

"ಅತ್ತೆ, ಬಸ್ ಬಪ್ ಹೊತ್ತಾಯ್ತ್. ಏಳಿ, ಮನಿಗ್ ಹೋಪ."

"ಯಾರ್ ಮನಿಗೆ?"

"ಸೊಸಿ ಮನಿಗೆ."

ಮುಕಾಂಬು ಅವಳ ಕೈ ಹಿಡಿದು ಎದ್ದಳು. ತೀರ್ಪು ಬರುವುದಕ್ಕೆ ಇನ್ನೂ ಬಹಳ ದಿನವಿತ್ತು, ಆದರೆ ಜಲಜ ಸೊಸೆಯಾಗಿ ಆಗಲೇ ಕೆಲಸ ಶುರು ಮಾಡಿದ್ದಳು. ಮಳೆ ಹಿಡಿಯುವ ಹೊತ್ತಿಗೆ ತೀರ್ಪು ಬಂತು. ಧಾರೆಯೇ ಈ ಸಮುದಾಯದ ವಿವಾಹ ಪದ್ಧತಿ, ಜಲಜ ಸೂರ ಮರಕಾಲರ ಧರ್ಮಪತ್ನಿ, ವಾರಿಜ ಅವರ ಮಗಳು. ಗುರಿಕಾರರು ಓಡಿ ಬಂದು ಹೇಳಿದರೆ, ಮುಕಾಂಬು ಅಕ್ಕಿ ಆರಿಸುತ್ತಾ, "ನಾ ಅವತ್ತೇ ಹೇಳ್ದೆ ಅಲ್ದಾ? ಅದನ್ನೇ ಬರೂಕೆ ಇಷ್ಟ್ ದಿನ ಬೇಕಾಯ್ತಾ ಅವ್ರಿಗೆ?" ಎಂದಳಂತೆ.

ಈಗ ನನಗೆ ವಯಸ್ಸಾಗಿದೆ. ಮೂತಿಯ ಬುಡದಲ್ಲಿ ಬಿರುಕು ಬಿಟ್ಟು ನೀರು ಜಿನುಗುತ್ತದೆ. ಸಮಾಜದವರು ಬೆಳ್ಳಿಯ ಹೊಸ ಗಿಂಡಿ ಮಾಡಿಸಿದ್ದಾರೆ. ಹೊಳೆಯುತ್ತದೆ, ಪಾಪ, ಇನ್ನೂ ಮಗು. ನಾನು ಗುರಿಕಾರರ ದೇವರ ಕೋಣೆಯ ಮೂಲೆಯಲ್ಲಿ ಬಟ್ಟೆ ಸುತ್ತಿಕೊಂಡು ಕೂತಿದ್ದೇನೆ. ದುಃಖವೇನಿಲ್ಲ. ಎಷ್ಟು ಜೋಡಿ ಕೈಗಳ ಮೇಲೆ ಕೂತವನು ನಾನು! ಮನುಷ್ಯರು ಮಾತು ಮರೆಯುತ್ತಾರೆ, ಬೇಕೆಂದೇ ಮರೆಯುವವರೂ ಇದ್ದಾರೆ. ಆದರೂ ಅವರ ಮೇಲಿನ ನಂಬಿಕೆಯನ್ನು ನಾನು ಪೂರ್ತಿ ಬಿಟ್ಟಿಲ್ಲ. ಯಾಕೆಂದು ಕೇಳಿದರೆ ನನ್ನ ಕೊನೆಯ ಧಾರೆಯನ್ನು ಹೇಳಬೇಕು.

ಅದು ವಾರಿಜಳ ಧಾರೆ. ಜಲಜ ಮೊದಲ ಕರೆ ಕೊಟ್ಟದ್ದೇ ಶೀನನ ಮನೆಗೆ. ಊರವರು ಹುಬ್ಬೇರಿಸಿದರು. "ಅಪ್ಪಯ್ಯ ಇಲ್ಲದ ಹೆಣ್ಣಿಗೆ ದೊಡ್ಡಪ್ಪಯ್ಯನೇ ಅಲ್ದಾ ಧಾರಿ ಎರೂದ್? ನನ್ನ ಮಗ್ಳಿಗೆ ಎಂತದೂ ಕಮ್ಮಿ ಆಪುಕಾಗ" ಎಂದಳು ಅವಳು, ಗತ್ತಿನಲ್ಲಿ.

ಅವತ್ತು ಮೊದಲು ಗುರಿಕಾರರು ನನ್ನನ್ನು ಮುಂದಿನ ಸಾಲಿನಲ್ಲಿ ಕೂತಿದ್ದ ಅತ್ತೆ ಸೊಸೆಯರ ಎದುರಿಗೆ ಹಿಡಿದರು. ಇಬ್ಬರೂ ಗಂಡ ಇಲ್ಲದವರಲ್ಲ, ಸಭೆಯಲ್ಲಿ ಗುಸುಗುಸು ಎದ್ದಿತು. "ಕೋರ್ಟ್ ಹತ್ತಿ ಬಂದ ಗಿಂಡಿ ಇದ್. ಇನ್ನ್ ಯಾರ್ ಮುಟ್ರೂ ಎಂತದೂ ಆತಿಲ್ಲೆ" ಎಂದು ಗುರಿಕಾರರು ಗದರಿದರು. ಜಲಜ ಕೈಯಿಟ್ಟಳು. ಮುಕಾಂಬು ಎರಡೂ ಕೈಯಿಟ್ಟಳು.

ಇನ್ನು ದೊಡ್ಡಪ್ಪ. ಶೀನ ಬಂದಿದ್ದ. ಆದರೆ ಚಪ್ಪರದ ಕಂಬದ ಹಿಂದೆ ನಿಂತಿದ್ದ. ವಧೂವರರ ಕೈ ಮೇಲೆ ನಾನು ಕೂತಿದ್ದೆ, ಎಲ್ಲರೂ ಕಾಯುತ್ತಿದ್ದರು. ಜಲಜ ಕರೆದಳು. "ಭಾವ, ಹೊತ್ ಮೀರ್ತಿತ್ತ್. ನಿಮ್ಮ ತಮ್ಮನ ಮಗ್ಳ್. ಬನಿ."

ಅವನು ಬಂದ. ತಲೆ ಎತ್ತಲಿಲ್ಲ. ಬೆವೆತ ಕೈ ನನ್ನ ಮೈ ಮೇಲೆ ಇಟ್ಟ. ಆ ಕೈಯಿಂದಲೇ ನನ್ನನ್ನು ಮೂರು ಸಲ ಎತ್ತಿ, ಇಡೀ ಊರಿನ ಮುಂದೆ, ತಮ್ಮನ ಮಗಳನ್ನು ಧಾರೆ ಎರೆದ.

ಆಗ ಮುಕಾಂಬು ಕೂತಲ್ಲಿಂದಲೇ ಗಟ್ಟಿಯಾಗಿ ಕೂಗಿ ಹೇಳಿದಳು.

"ಮಗಾ, ಇದನ್ನಾದ್ರೂ ನೆನ್ಪಿಟ್ಕೋ. ನಂಗೆ ಇನ್ನೊಂದ್ ಸಲ ಕೋರ್ಟಿಗ್ ಬಪ್ಪುಕೆ ಆತಿಲ್ಲೆ!"

ಇಡೀ ಚಪ್ಪರ ಗೊಳ್ಳೆಂದು ನಕ್ಕಿತು. ಶೀನನೂ ನಕ್ಕ, ನಗುತ್ತಾ ನಗುತ್ತಾ ಅತ್ತುಬಿಟ್ಟ. ಅವನ ಕೈ ಇನ್ನೂ ನನ್ನ ಮೇಲೆಯೇ ಇತ್ತು.